ಆಧಾರ್‌ನಲ್ಲಿ ಬೇರೆ ಊರಿನ ವಿಳಾಸ ಇದ್ದರೂ ಮಂಗಳೂರಲ್ಲಿ ಎಲ್‌ಎಲ್ (ಡ್ರೈವಿಂಗ್ ಕಲಿಯುವವರ ಲೈಸೆನ್ಸ್) ಮಾಡಿಸಿದ್ದು ಹೀಗೆ

ನಾನಿರುವುದು ಮಂಗಳೂರಿನ ಕಂಕನಾಡಿಯಲ್ಲಿ. ಆಧಾರ್‌ನಲ್ಲಿರುವುದು ಸಾಗರದ ಮನೆ ವಿಳಾಸ. ಡ್ರೈವಿಂಗ್ ಲೈಸೆನ್ಸ್‌ನ ಸರ್ಕಾರಿ ವೆಬ್‌ಸೈಟ್ ಆದ ಸಾರಥಿ ಪೋರ್ಟಲ್‌ನಲ್ಲಿ ಎಲ್‌ಎಲ್‌ಗೆ ಅರ್ಜಿ ಹಾಕಿದಾಗಲೆಲ್ಲ ಸಾಗರದ ವಿಳಾಸವೇ ಬಂದು ಕೂರುತ್ತಿತ್ತು. ತಿದ್ದಲು ಆಗುತ್ತಿರಲಿಲ್ಲ.

ಬ್ರೌಸರ್ ಬದಲಿಸಿದೆ, ಮತ್ತೆ ಹೊಸ ಅರ್ಜಿ ಹಾಕಿದೆ. ಬಾಡಿಗೆ ಕರಾರಿನ ಜೆರಾಕ್ಸ್ ಹಿಡಿದು ಕೌಂಟರ್‌ಗೂ ಹೋದೆ. ಎರಡು ದಿನದ ರಜೆ ಸುಮ್ನೆ ಹೋಯಿತು.

ದಾರಿ ಇದ್ದದ್ದು ಅರ್ಜಿಯ ಶುರುವಿನಲ್ಲೇ. ಆಧಾರ್ ದೃಢೀಕರಣದೊಂದಿಗೆ, ದೃಢೀಕರಣವಿಲ್ಲದೆ ಎಂದು ಎರಡು ಆಯ್ಕೆ ಇರುತ್ತವೆ. ಎರಡನೆಯದನ್ನು ಒತ್ತಿ. ಆಗ ವಿಳಾಸವನ್ನು ನಾವೇ ಟೈಪ್ ಮಾಡಬಹುದು. ವಯಸ್ಸಿಗೆ ಎಸ್ಸೆಸ್ಸೆಲ್ಸಿ ಅಂಕಪಟ್ಟಿ ಕೊಟ್ಟೆ, ವಿಳಾಸಕ್ಕೆ ಕಂಕನಾಡಿ ವಿಳಾಸದ ವೋಟರ್ ಐಡಿ. ಎರಡರಲ್ಲೂ ಹೆಸರು, ಇನಿಶಿಯಲ್ ಒಂದೇ ಥರ ಇದೆಯಾ ಎಂದು ಮೊದಲೇ ನೋಡಿಕೊಳ್ಳಿ, ಇದು ತುಂಬಾ ಮುಖ್ಯ. ಆಮೇಲೆ ಶುಲ್ಕ ಕಟ್ಟಿ, ಎಲ್‌ಎಲ್ ಪರೀಕ್ಷೆಗೆ ಸ್ಲಾಟ್ ಹಿಡಿಯಿರಿ.

ಹೀಗೆ ಮಾಡಿದರೆ ಮನೆಯಿಂದ ಪರೀಕ್ಷೆ ಬರೆಯಲು ಆಗುವುದಿಲ್ಲ, ಆರ್‌ಟಿಒಗೇ ಹೋಗಬೇಕು. ಒರಿಜಿನಲ್‌ಗಳು ಜೊತೆಗಿರಲಿ. 40 ದಾಟಿದವರಿಗೆ ವೈದ್ಯರ ಸಹಿ ಇರುವ ಫಾರ್ಮ್ 1ಎ (ವೈದ್ಯಕೀಯ ಪ್ರಮಾಣಪತ್ರ) ಕೂಡ ಬೇಕು.

ಎಲ್‌ಎಲ್‌ಗೆ 6 ತಿಂಗಳ ಅವಧಿ. ಡಿಎಲ್ ಟೆಸ್ಟ್ 30 ದಿನ ಕಳೆದ ಮೇಲೆ.