ಹಳೇ ಕ್ರಯಪತ್ರದ ಪದಗಳಿಗೆ ನಾನು ಅರ್ಥ ಹುಡುಕುವ ಬಗೆ

ಮನೆಯ ಹಳೇ ಜಮೀನು ಪತ್ರ ಓದಲು ಕೂತವರಿಗೆ ಕೈಬರಹಕ್ಕಿಂತ ಪದಗಳೇ ಜಾಸ್ತಿ ಕಾಡುತ್ತವೆ. ಖುಷ್ಕಿ, ತರಿ, ಚಕ್ಕುಬಂದಿ, ಬಿಕ್ಕಲಂ. ಲಿಪಿ ಕನ್ನಡವೇ, ಆದರೂ ಅರ್ಥ ಆಗಲ್ಲ.

ನಾನು ನಿಘಂಟು ತೆಗೆಯುವುದು ಆಮೇಲೆ. ಮೊದಲು ಆ ಪದ ಪತ್ರದಲ್ಲಿ ಎಲ್ಲಿ ಕೂತಿದೆ ಅಂತ ನೋಡುತ್ತೇನೆ. ಕ್ರಯಪತ್ರಕ್ಕೆ ಒಂದು ಕ್ರಮ ಇದೆ: ತಾರೀಖು, ಕೊಂಡವರು, ಕೊಟ್ಟವರು, ಹಣ, ಸ್ವತ್ತಿನ ವಿವರ, ಚಕ್ಕುಬಂದಿ ಅಂದರೆ ನಾಲ್ಕು ದಿಕ್ಕಿನ ಗಡಿ, ಕೊನೆಗೆ ಸಾಕ್ಷಿಗಳು. ಎರಡು ಹೆಸರಿನ ನಡುವೆ 'ಬಿನ್' ಇದ್ದರೆ ಮೊದಲಿನವರು ಮಗ, 'ಕೋಂ' ಇದ್ದರೆ ಹೆಂಡತಿ. ಸಾಕ್ಷಿಗಳ ರುಜು ಮುಗಿದ ಮೇಲೆ ಬರುವ 'ಬಿಕ್ಕಲಂ' ಪತ್ರ ಬರೆದವರನ್ನು ಹೇಳುತ್ತದೆ. ಕಲಂ ಅಂದರೆ ಲೇಖನಿ ಅಲ್ವಾ, ಇಂಥವರ ಬರವಣಿಗೆ ಅಂತ.

ಜಾಗ ನೋಡಿಯೂ ಗೊತ್ತಾಗದಿದ್ದರೆ 1894ರ ಕಿಟೆಲ್ ನಿಘಂಟು. ಅದಕ್ಕೂ ಸಿಗದ ಕಂದಾಯದ ಪದಗಳಿಗೆ 1855ರಲ್ಲಿ ವಿಲ್ಸನ್ ಮಾಡಿದ ಕಂದಾಯ, ನ್ಯಾಯಾಲಯದ ಪದಕೋಶ ತುಂಬಾ ಒಳ್ಳೆಯದು. ಖುಷ್ಕಿ, ತರಿ, ಬಾಗಾಯ್ತು ಮೂರೂ ಪಾರಸಿಯಿಂದ ಬಂದವು: ಒಣ ಜಮೀನು, ನೀರಾವರಿ ಜಮೀನು, ತೋಟ. ಆದರೆ ಮೂಲ ಗೊತ್ತಾದರೆ ಸಾಲದು. 'ಖರಾಬು' ಅಂದ ತಕ್ಷಣ ಕೆಟ್ಟ ಜಮೀನು ಅಂದುಕೊಂಡು ಮುಂದೆ ಹೋಗಬೇಡಿ. ಅದು ಸಾಗುವಳಿಗೆ ಸಿಗದ, ಕಂದಾಯ ಹಾಕದ ಭಾಗ. ಅದರಲ್ಲಿ 'ಎ' ಮತ್ತು 'ಬಿ' ಅಂತ ಎರಡಿದೆ, ದಾರಿ, ಹಳ್ಳದಂಥ ಸಾರ್ವಜನಿಕ ಜಾಗ 'ಬಿ' ಖರಾಬಿಗೆ ಸೇರುತ್ತದೆ. ಜಮೀನು ಕೊಳ್ಳುವವರು ಇದನ್ನು ತಿಳಿದುಕೊಳ್ಳಲೇಬೇಕು.

ನನಗೆ ತುಂಬಾ ಇಷ್ಟವಾದದ್ದು ಪತ್ರದ ನಡುವೆ ಒಂದೇ ಉಸಿರಿಗೆ ಬರುವ ಸಾಲು: ನಿಧಿ, ನಿಕ್ಷೇಪ, ಜಲ, ಪಾಷಾಣ, ಅಕ್ಷೀಣಿ, ಆಗಾಮಿ, ಸಿದ್ಧ, ಸಾಧ್ಯ. ಎಷ್ಟೋ ಜನ ಇದನ್ನು ಮಂತ್ರ ಅಂದುಕೊಂಡು ಬಿಟ್ಟುಬಿಡುತ್ತಾರೆ. ಇದು ಅಷ್ಟಭೋಗ, ಅಂದರೆ ನೆಲದ ಜೊತೆಗೇ ಸಿಗುವ ಎಂಟು ಹಕ್ಕುಗಳು. ಹೂತಿಟ್ಟ ಸಂಪತ್ತು, ನೀರು, ಕಲ್ಲು, ಕರಗದೆ ಉಳಿಯುವ ಹುಟ್ಟುವಳಿ, ಮುಂದೆ ಬರುವ ಲಾಭ, ಈಗಾಗಲೇ ಸಾಗುವಳಿಯಾದದ್ದು, ಮುಂದೆ ಮಾಡಿಕೊಳ್ಳಬಹುದಾದದ್ದು, ಎಲ್ಲವೂ ಕೊಂಡವನಿಗೆ. ಒಂದೊಂದೇ ಪದ ಹಿಡಿದು ಹುಡುಕಿದರೆ ಇದು ಸರಿಯಾಗಿ ಬಿಡಿಸಿಕೊಳ್ಳಲ್ಲ. ನನಗೆ ನೆರವಾದದ್ದು ಬಿ.ಎಲ್. ರೈಸ್ ಅವರು ಹೊರತಂದ ಎಪಿಗ್ರಾಫಿಯಾ ಕರ್ನಾಟಿಕಾ ಅನ್ನುವ ಶಾಸನ ಸಂಪುಟಗಳು. ವಿಜಯನಗರದ ಕಾಲದ ದಾನಶಾಸನಗಳಲ್ಲಿ ಇದೇ ಎಂಟು ಹಕ್ಕುಗಳು ಹೀಗೇ ಸಾಲಾಗಿ ಬರುತ್ತವೆ. ರಾಜ ಹೋದ, ರಾಜ್ಯ ಹೋಯಿತು, ಊರಿನ ಶ್ಯಾನುಭೋಗರ ಕೈಯಲ್ಲಿ ಆ ಸಾಲು ಮಾತ್ರ ಉಳಿದುಕೊಂಡಿತು.

ಅರ್ಥ ಸಿಕ್ಕಾಗಲೆಲ್ಲ ಪದದ ಜೊತೆ ತಾಲ್ಲೂಕು, ಇಸವಿ, ಇಡೀ ವಾಕ್ಯ ಬರೆದಿಡುತ್ತೇನೆ. ಸುಮ್ನೆ ಪದ, ಅರ್ಥ ಎರಡೇ ಬರೆದರೆ ಕೆಲಸಕ್ಕೆ ಬರಲ್ಲ, ಯಾಕೆಂದರೆ ಸೀಮೆ ಬದಲಾದರೆ ಪದವೂ ಬದಲಾಗುತ್ತದೆ. ಮದ್ರಾಸು ಪ್ರಾಂತ್ಯಕ್ಕೆ ಸೇರಿದ್ದ ದಕ್ಷಿಣ ಕನ್ನಡದ ಪತ್ರಗಳಲ್ಲಿ ನೀರಾವರಿ ಜಮೀನು 'ನಂಜ', ಒಣ ಜಮೀನು 'ಪುಂಜ'. ಅಲ್ಲಿ 'ಮೂಲಗೇಣಿ' ಅಂದರೆ ಶಾಶ್ವತ ಗೇಣಿ, 'ಚಾಲಗೇಣಿ' ಅಂದರೆ ಒಡೆಯ ಬಿಡಿಸಬಹುದಾದ ಗೇಣಿ. ಇನ್ನು 'ಕುಮ್ಕಿ' ಅಂತ ಕಂಡರೆ ಅದು ಸಾಗುವಳಿ ಜಮೀನಿನ ಅಂಚಿನಿಂದ 100 ಗಜದೊಳಗಿನ ಸರ್ಕಾರಿ ನೆಲ. ಸೊಪ್ಪು, ಸೌದೆಗೆ ಬಳಸುವ ಸವಲತ್ತು ರೈತನದು, ಒಡೆತನ ಸರ್ಕಾರದ್ದು.