ಶಾಲೆಯ ಅಂಗಳದಲ್ಲಿ ಬಂಗಾಳ ಕೊಲ್ಲಿ

2021ರ ಅಕ್ಟೋಬರ್‌ನಲ್ಲಿ ಕಲಬುರಗಿ ಜಿಲ್ಲೆಯ ಗಡಿಕೇಶ್ವಾರದ ಸುತ್ತಮುತ್ತ ನೆಲ ಮತ್ತೆ ಮತ್ತೆ ನಡುಗಿತು. ನೆಲದೊಳಗಿನ ಸದ್ದಿಗೆ ಹೆದರಿ ಜನ ಬಯಲಿನಲ್ಲಿ ಮಲಗಿದರು, ಕೆಲವರು ಊರನ್ನೇ ಬಿಟ್ಟು ಹೋದರು. ನಾನು ಚಿಂಚೋಳಿ ತಾಲ್ಲೂಕಿನ ಪ್ರೌಢಶಾಲೆಯೊಂದರಲ್ಲಿ ವಿಜ್ಞಾನ ಕಲಿಸುತ್ತೇನೆ. ತರಗತಿಗೆ ಮರಳಿದ ಮಕ್ಕಳು ಮೊಬೈಲ್‌ನಲ್ಲಿ 2004ರ ಸುನಾಮಿಯ ವಿಡಿಯೊಗಳನ್ನು ನೋಡಿಕೊಂಡು ಬಂದಿದ್ದರು. ನಮ್ಮಲ್ಲಿಗೂ ಸಮುದ್ರ ಬರುತ್ತದೆಯೇ ಎಂದು ಕೇಳಿದರು.

ಬರುವುದಿಲ್ಲ. ಕಲಬುರಗಿ ಸಮುದ್ರ ಮಟ್ಟದಿಂದ ಸುಮಾರು 450 ಮೀಟರ್ ಎತ್ತರದಲ್ಲಿದೆ, ಕಡಲು ನೂರಾರು ಕಿಲೋಮೀಟರ್ ಆಚೆ ಇದೆ. ಆದರೆ ಅಷ್ಟು ಹೇಳಿ ಪಾಠ ಮುಗಿಸಲು ನನಗೆ ಮನಸ್ಸಾಗಲಿಲ್ಲ. ಇಲ್ಲಿನ ಎಷ್ಟೋ ಕುಟುಂಬಗಳು ಮುಂಬೈಗೆ, ಗೋವಾಕ್ಕೆ ಗುಳೆ ಹೋಗುತ್ತವೆ. ಕಡಲ ಬಗ್ಗೆ ಹಿರಿಯರಿಂದ ಒಂದು ಮಾತನ್ನೂ ಕೇಳದ ಮಕ್ಕಳು ಕಡಲ ದಂಡೆಯ ಶೆಡ್ಡುಗಳಲ್ಲಿ ಬೆಳೆಯುತ್ತಾರೆ. ಸುನಾಮಿಯ ಪಾಠ ಮಂಗಳೂರಿನ ಮಕ್ಕಳಿಗಿಂತ ಇವರಿಗೇ ಹೆಚ್ಚು ಬೇಕು ಎಂಬುದು ನನ್ನ ದೃಢ ನಂಬಿಕೆ.

ಮೊದಲು ಒಂದು ಪ್ಲಾಸ್ಟಿಕ್ ಅಳತೆಪಟ್ಟಿ ತೆಗೆದುಕೊಂಡೆ. 2004ರ ಸುನಾಮಿ ಹುಟ್ಟಿದ್ದು ಇಂಡೋನೇಷ್ಯಾದ ಸುಮಾತ್ರಾ ದ್ವೀಪದ ಬಳಿ. ಅದರ ಪಶ್ಚಿಮಕ್ಕೆ ಭಾರತದ ಭೂಫಲಕ ಪಕ್ಕದ ಫಲಕದ ಕೆಳಗೆ ತೂರಿಕೊಳ್ಳುತ್ತಲೇ ಇರುತ್ತದೆ. ಮೇಲಿನ ಫಲಕದ ಅಂಚು ಅದಕ್ಕೆ ಸಿಕ್ಕಿಕೊಂಡು ನೂರಾರು ವರ್ಷ ಬಾಗುತ್ತಾ ಹೋಗಿ, ಒಂದು ದಿನ ಚಿಮ್ಮುತ್ತದೆ. ಬಾಗಿಸಿದ ಪಟ್ಟಿಯನ್ನು ನೀರಿನ ತೊಟ್ಟಿಯೊಳಗೆ ಬಿಟ್ಟಾಗ ಮೇಲಿನ ನೀರೆಲ್ಲ ಎದ್ದಿತು. ಗಾಳಿಗೆ ಏಳುವ ಅಲೆಯಲ್ಲಿ ಮೇಲ್ಪದರ ಮಾತ್ರ ಅಲುಗುತ್ತದೆ, ಇಲ್ಲಿ ತಳದಿಂದ ಮೇಲಿನವರೆಗೆ ಇಡೀ ಕಡಲೇ ಹೊರಡುತ್ತದೆ ಎಂಬುದು ಆಗ ಅವರಿಗೆ ಕಣ್ಣಿಗೇ ಕಂಡಿತು.

ಆಮೇಲೆ ಮಳೆನೀರಿನ ತಗಡಿನ ದೋಣಿಯ ಒಂದು ತುದಿಯಲ್ಲಿ ಶಹಾಬಾದ್ ಪರಸಿ ಕಲ್ಲನ್ನು ಓರೆಯಾಗಿ ಇಟ್ಟು ದಂಡೆ ಮಾಡಿದೆವು. ಇನ್ನೊಂದು ತುದಿಯಲ್ಲಿ ಹಲಗೆಯಿಂದ ನೀರನ್ನು ತಳ್ಳಿದರೆ ನಡುವೆ ಅಲೆ ಕಾಣುವುದೇ ಕಷ್ಟ, ಪರಸಿಯ ಮೇಲೆ ಏರುವಾಗ ಮಾತ್ರ ಎತ್ತರವಾಗುತ್ತದೆ. ಹತ್ತನೇ ತರಗತಿಯವರಿಗೆ ಲೆಕ್ಕವನ್ನೂ ಕೊಟ್ಟೆ: ಆಳವನ್ನು ಗುರುತ್ವ ವೇಗೋತ್ಕರ್ಷದಿಂದ ಗುಣಿಸಿ ವರ್ಗಮೂಲ ತೆಗೆದರೆ ಅಲೆಯ ವೇಗ. 4,000 ಮೀಟರ್ ಆಳದಲ್ಲಿ ಗಂಟೆಗೆ ಸುಮಾರು 700 ಕಿಲೋಮೀಟರ್, 10 ಮೀಟರ್ ಆಳದಲ್ಲಿ ಸುಮಾರು 36. ಮುಂದಿನ ನೀರು ನಿಧಾನವಾಗುತ್ತದೆ, ಹಿಂದಿನದು ಬಂದು ಒತ್ತುತ್ತದೆ, ಅಲೆ ಮೇಲಕ್ಕೇಳುತ್ತದೆ. 2004ರಲ್ಲಿ ಉಪಗ್ರಹವೊಂದು ನಡುಗಡಲಿನಲ್ಲಿ ಅಳೆದ ಎತ್ತರ ಸುಮಾರು 60 ಸೆಂಟಿಮೀಟರ್ ಮಾತ್ರ. ಅಲ್ಲಿ ಹಡಗಿನಲ್ಲಿದ್ದವರಿಗೆ ಅದರ ಸುಳಿವೂ ಸಿಗುವಂತಿರಲಿಲ್ಲ.

ಮಕ್ಕಳನ್ನು ನಿಜವಾಗಿ ಹಿಡಿದು ನಿಲ್ಲಿಸಿದ್ದು ಅಂಗಳದ ನಕ್ಷೆ. ಸುಣ್ಣದ ಪುಡಿಯಿಂದ ಬಂಗಾಳ ಕೊಲ್ಲಿಯನ್ನು ಬರೆದೆವು, ಒಂದು ದಾಪುಗಾಲಿಗೆ ನೂರು ಕಿಲೋಮೀಟರ್. ಭೂಕಂಪವೆಂದರೆ ಒಂದು ಚುಕ್ಕೆ ಎಂದುಕೊಂಡಿದ್ದವರ ಕೈಗೆ ಹಗ್ಗ ಕೊಟ್ಟು, ಉತ್ತರ ಸುಮಾತ್ರಾದಿಂದ ಅಂಡಮಾನಿನ ತನಕ ಹದಿಮೂರು ದಾಪುಗಾಲು ಹಾಸಿಸಿದೆ. ಸಮುದ್ರದ ತಳ ಬಿರಿದ ಉದ್ದ ಅಷ್ಟು, ಸುಮಾರು 1,300 ಕಿಲೋಮೀಟರ್. ಕಲಬುರಗಿಯಿಂದ ದೆಹಲಿಗೆ ನೇರ ಗೆರೆ ಎಳೆದರೆ ಹೆಚ್ಚುಕಡಿಮೆ ಅದೇ ದೂರ. ತೀವ್ರತೆ 9.1. ಆ ಡಿಸೆಂಬರ್ 26ರಂದು ನಮ್ಮ ಗಡಿಯಾರದಲ್ಲಿ ಬೆಳಗಿನ 6 ಗಂಟೆ 28 ನಿಮಿಷ.

ಸುಮಾತ್ರಾದ ‘ಬಾಂದಾ ಆಚೆ’ ನಗರ, ನಿಕೋಬಾರ್, ಚೆನ್ನೈ, ನಾಗಪಟ್ಟಿಣಂ, ಸೊಮಾಲಿಯಾ ಎಂದು ಒಬ್ಬೊಬ್ಬರನ್ನು ನಿಲ್ಲಿಸಿದೆ. ಒಂದು ಚಪ್ಪಾಳೆಗೆ ಹತ್ತು ನಿಮಿಷ. ನೀರು ತಲುಪಿದವರು ಕುಳಿತುಕೊಳ್ಳಬೇಕು. ಎರಡನೆಯ ಚಪ್ಪಾಳೆಯ ಹೊತ್ತಿಗೆ ಬಾಂದಾ ಆಚೆ ಕುಳಿತಿತು. ಚೆನ್ನೈ ಕುಳಿತದ್ದು ಹದಿನೈದರ ಆಸುಪಾಸಿನಲ್ಲಿ. ಸೊಮಾಲಿಯಾ ನಲವತ್ತು ದಾಟುವವರೆಗೂ ನಿಂತೇ ಇತ್ತು. ನಾಗಪಟ್ಟಿಣಂ ಆಗಿದ್ದ ಹುಡುಗಿಗೆ ಸಿಟ್ಟು ಬಂದಿತ್ತು. ಇಷ್ಟು ಹೊತ್ತಿತ್ತಲ್ಲ ಸರ್, ಯಾರೂ ಏಕೆ ಹೇಳಲಿಲ್ಲ?

ಇಡೀ ಪಾಠ ಆ ಪ್ರಶ್ನೆಯಲ್ಲಿದೆ. ಪೆಸಿಫಿಕ್ ಸಾಗರಕ್ಕೆ 1949ರಿಂದ ಎಚ್ಚರಿಕೆ ಕೇಂದ್ರವಿತ್ತು, ಹಿಂದೂ ಮಹಾಸಾಗರಕ್ಕೆ ಇರಲಿಲ್ಲ. ಹದಿನಾಲ್ಕು ದೇಶಗಳಲ್ಲಿ ಎರಡು ಲಕ್ಷಕ್ಕೂ ಹೆಚ್ಚು ಜನ ಸತ್ತರು, ನಾಗಪಟ್ಟಿಣಂ ಜಿಲ್ಲೆಯೊಂದರಲ್ಲೇ ಆರು ಸಾವಿರಕ್ಕೂ ಹೆಚ್ಚು. ನಮ್ಮ ದೇಶದ ಎಚ್ಚರಿಕೆ ಕೇಂದ್ರ ಶುರುವಾದದ್ದು 2007ರ ಅಕ್ಟೋಬರ್‌ನಲ್ಲಿ. ಅದು ಇರುವುದು ನಮ್ಮವರು ಆಸ್ಪತ್ರೆಗೆಂದು, ಕೂಲಿಗೆಂದು ಹೋಗಿಬರುವ ಹೈದರಾಬಾದಿನಲ್ಲೇ. ಕಡಲಿನ ತಳದಲ್ಲಿಟ್ಟ ಒತ್ತಡಮಾಪಕಗಳೂ ದಂಡೆಯ ಅಲೆಮಾಪಕಗಳೂ ಅಲ್ಲಿಗೆ ಸುದ್ದಿ ಕಳುಹಿಸುತ್ತವೆ.

ಎಚ್ಚರಿಕೆ ತಲುಪದಿದ್ದರೆ? ಇದಕ್ಕೆ ಸಿಮಿಯುಲು ದ್ವೀಪದ ಕಥೆ ಹೇಳುತ್ತೇನೆ. ಭೂಕಂಪದ ಕೇಂದ್ರಕ್ಕೆ ತೀರ ಹತ್ತಿರದ ಆ ದ್ವೀಪದಲ್ಲಿ ಸುಮಾರು 78 ಸಾವಿರ ಜನರಿದ್ದರು. ಸತ್ತವರು ಏಳು ಜನ. 1907ರಲ್ಲಿ ಅಲ್ಲಿ ದೊಡ್ಡ ಸುನಾಮಿ ಬಂದಿತ್ತು. ಅದಕ್ಕೆ ‘ಸ್ಮಾಂಗ್’ ಎಂದು ಹೆಸರಿಟ್ಟು, ನೆಲ ಜೋರಾಗಿ ನಡುಗಿದರೆ ಗುಡ್ಡಕ್ಕೆ ಓಡಬೇಕೆಂದು ಅಜ್ಜಿಯರು ಮೊಮ್ಮಕ್ಕಳಿಗೆ ಹಾಡಿ ಹೇಳುತ್ತಾ ಬಂದಿದ್ದರು. ನಮ್ಮ ಮಕ್ಕಳೂ ಕೋಲಾಟದ ಧಾಟಿಯಲ್ಲಿ ಒಂದು ಪದ ಕಟ್ಟಿದರು:

ನೆಲವು ನಡುಗಿತು, ಕಡಲು ಮೊರೆಯಿತು,
ನೋಡುತ ನಿಲ್ಲದೆ ಗುಡ್ಡವ ಏರು.

‘ನೀರು ಹಿಂದೆ ಸರಿಯಿತು’ ಎಂಬ ಸಾಲು ಬೇಕೆಂದು ಅವರು ಪಟ್ಟು ಹಿಡಿದಿದ್ದರು. ಥಾಯ್ಲೆಂಡಿನಲ್ಲಿ ನೀರು ಸರಿದದ್ದನ್ನು ಗುರುತಿಸಿಯೇ ಹತ್ತು ವರ್ಷದ ಟಿಲ್ಲಿ ಸ್ಮಿತ್ ಎಂಬ ಬ್ರಿಟಿಷ್ ಹುಡುಗಿ ಒಂದು ದಂಡೆಯ ಜನರನ್ನು ಉಳಿಸಿದ್ದಳು. ಅವಳಿಗದು ತಿಳಿದದ್ದು ಭೂಗೋಳದ ತರಗತಿಯಲ್ಲಿ. ಆದರೆ ಪಶ್ಚಿಮದ ನಮ್ಮ ಕಡೆಗೆ ಮೊದಲು ಹೊರಟದ್ದು ಉಬ್ಬಿದ ನೀರು. ಸರಿಯಲಿ ಎಂದು ಕಾಯುತ್ತಾ ನಿಂತರೆ ಹೊತ್ತು ಮೀರಿರುತ್ತದೆ. ಹಾಗಾಗಿ ಆ ಸಾಲನ್ನು ಬಿಡಿಸಿದೆ. ಮೊದಲ ಅಲೆಯೇ ಎಲ್ಲಕ್ಕಿಂತ ದೊಡ್ಡದಾಗಿರಬೇಕೆಂದಿಲ್ಲ, ಗಂಟೆಗಟ್ಟಲೆ ಕೆಳಗಿಳಿಯಬಾರದು ಎಂಬುದನ್ನು ಸೇರಿಸಲು ಹೇಳಿದ್ದೇನೆ. ಅದಿನ್ನೂ ತಾಳಕ್ಕೆ ಕೂತಿಲ್ಲ.

ಗುಳೆ ಹೊರಡುವ ಮುನ್ನ, ದೀಪಾವಳಿಯ ಆಸುಪಾಸಿನಲ್ಲಿ ಈ ಪಾಠವನ್ನು ಮಾಡುತ್ತೇನೆ. ನವೆಂಬರ್ 5 ವಿಶ್ವ ಸುನಾಮಿ ಜಾಗೃತಿ ದಿನವಾಗಿರುವುದರಿಂದ ಅದೂ ಕೂಡಿಬರುತ್ತದೆ. ಪಾಲಕರನ್ನೂ ಕರೆಯುತ್ತೇನೆ. ಅವರ ಮುಂದೆ ಮಾತು ಮಹಾರಾಷ್ಟ್ರದ ಲಾತೂರ್ ಜಿಲ್ಲೆಯ ಕಿಲ್ಲಾರಿಗೆ ಹೊರಳಲೇಬೇಕು, ಏಕೆಂದರೆ ನಮ್ಮೂರಿನ ಅಪಾಯ ಕಡಲಿನದಲ್ಲ, ಗೋಡೆಯದು. 1993ರ ಸೆಪ್ಟೆಂಬರ್ 30ರ ನಸುಕಿನಲ್ಲಿ, 6.2 ತೀವ್ರತೆಯ ಕಂಪನಕ್ಕೆ ಅಲ್ಲಿ ಸುಮಾರು ಹತ್ತು ಸಾವಿರ ಜನ ಸತ್ತದ್ದು ಹೆಚ್ಚಾಗಿ ಮಣ್ಣು ಮೆತ್ತಿದ ಕಲ್ಲಿನ ಗೋಡೆ, ಭಾರದ ಮಾಳಿಗೆಗಳ ಕೆಳಗೆ. ಮಾಳಿಗೆಯ ಮೇಲಿನ ಮಣ್ಣು ಇಳಿಸಿ, ಗೋಡೆಯ ಎರಡು ಪದರನ್ನು ಹಿಡಿದಿಡುವ ಉದ್ದ ಕಲ್ಲುಗಳನ್ನು ನಡುನಡುವೆ ಕೂರಿಸಿ ಎನ್ನುತ್ತೇನೆ. ಪಾಲಕರಲ್ಲಿ ಗೌಂಡಿಗಳು ಇರುತ್ತಾರೆ. ಮಣ್ಣು ಎಷ್ಟು ಇಳಿಸಿದರೆ ಮಾಳಿಗೆ ಸೋರುವುದಿಲ್ಲ, ಹಳೆಯ ಗೋಡೆಯನ್ನು ಎಲ್ಲಿಂದ ಬಿಚ್ಚಬೇಕು ಎಂದು ಅವರು ಶುರುಮಾಡಿದರೆ ನಾನು ಸುಮ್ಮನೆ ಬರೆದುಕೊಳ್ಳುತ್ತೇನೆ.