ಗೈರುಹಾಜರಿಗೆ ವಜಾ ಆದ ಗ್ರಾಹಕ ದೂರು: ನಾನು ಮೇಲ್ಮನವಿ ಹಾಕುವ ಬಗೆ

ಜಿಲ್ಲಾ ಗ್ರಾಹಕ ಆಯೋಗದಲ್ಲಿ ದೂರು ನಾನ್-ಪ್ರಾಸಿಕ್ಯೂಷನ್ (ದೂರುದಾರ ಹಾಜರಾಗಿ ನಡೆಸಲಿಲ್ಲ) ಎಂದು ವಜಾ ಆದರೆ ಕಕ್ಷಿದಾರರು ಮೊದಲು ಕೇಳುವುದು, "ಅಲ್ಲೇ ಒಂದು ಅರ್ಜಿ ಕೊಟ್ಟು ಮತ್ತೆ ತೆರೆಸಬಹುದಲ್ಲ ಸಾರ್?" ಆಗುವುದಿಲ್ಲ. ಗೈರಿಗೆ ವಜಾ ಆದ ದಾವೆಯನ್ನು ಅದೇ ಕೋರ್ಟಿನಲ್ಲಿ ಮತ್ತೆ ತೆರೆಸುವ, ಸಿವಿಲ್ ಪ್ರಕ್ರಿಯಾ ಸಂಹಿತೆಯ ಆರ್ಡರ್ 9ರ ದಾರಿ ಇಲ್ಲಿಲ್ಲ. ಜಿಲ್ಲಾ, ರಾಜ್ಯ ಆಯೋಗಗಳಿಗೆ ಆ ಅಧಿಕಾರವಿಲ್ಲವೆಂದು ಸುಪ್ರೀಂ ಕೋರ್ಟ್ 2011ರಲ್ಲೇ, ರಾಜೀವ್ ಹಿತೇಂದ್ರ ಪಾಠಕ್ ಪ್ರಕರಣದಲ್ಲಿ ಹೇಳಿದೆ. 2019ರ ಗ್ರಾಹಕ ಸಂರಕ್ಷಣಾ ಕಾಯ್ದೆಯ ಕಲಂ 40ರಡಿ ಜಿಲ್ಲಾ ಆಯೋಗವೇ ಮಾಡುವ ಪುನರ್ವಿಮರ್ಶೆ ಕಡತದಲ್ಲೇ ಎದ್ದು ಕಾಣುವ ತಪ್ಪಿಗೆ ಮಾತ್ರ. ಯಾಕೆ ಬರಲಿಲ್ಲ ಎಂದು ವಿವರಿಸುವ ಜಾಗ ಅದಲ್ಲ. ಅದನ್ನು ಹಿಡಿದು ಕೂತರೆ ಮೇಲ್ಮನವಿಯ ದಿನಗಳು ಸುಮ್ಮನೆ ಕರಗುತ್ತವೆ.

ನಾನು ಮೊದಲು ತೆಗೆಸುವುದು ಆದೇಶದ ದೃಢೀಕೃತ ನಕಲು ಮತ್ತು ಇಡೀ ಆರ್ಡರ್ ಶೀಟ್, ಅಂದರೆ ಪ್ರತಿ ದಿನ ಏನಾಯಿತೆಂದು ಆಯೋಗ ಬರೆದಿಡುವ ಹಾಳೆ. ಮೇಲ್ಮನವಿಯ ಜೀವ ಆರ್ಡರ್ ಶೀಟಿನಲ್ಲಿದೆ. ವಿಚಾರಣೆ ಮುಂದೂಡಿದ ವಾಯಿದೆಗಳಲ್ಲಿ ಎಷ್ಟು ದೂರುದಾರರಿಂದ, ಎಷ್ಟು ಎದುರುದಾರರಿಂದ, ವಜಾ ಆದ ದಿನ ಪ್ರಕರಣ ಯಾವ ಹಂತದಲ್ಲಿತ್ತು, ಅಫಿಡವಿಟ್ ಸಾಕ್ಷ್ಯ ಬಂದಿತ್ತೇ ಇಲ್ಲವೇ ಎಂದು ದಿನಾಂಕವಾರು ಬರೆದುಕೊಳ್ಳುತ್ತೇನೆ.

ಮುಖ್ಯ ಆಧಾರ 2019ರ ಕಾಯ್ದೆಯ ಕಲಂ 38(3)(ಸಿ). ಹಳೆಯ 1986ರ ಕಾಯ್ದೆಯಲ್ಲಿ ದೂರುದಾರ ಗೈರಾದರೆ ವಜಾ ಮಾಡಬಹುದಿತ್ತು, ಇಲ್ಲವೇ ಗುಣಾವಗುಣಗಳ ಮೇಲೆ, ಅಂದರೆ ಕಡತದಲ್ಲಿರುವುದನ್ನು ನೋಡಿ, ತೀರ್ಮಾನಿಸಬಹುದಿತ್ತು. ಹೊಸ ಕಾಯ್ದೆಯಲ್ಲಿ ಎರಡನೆಯದಷ್ಟೇ ಉಳಿದಿದೆ. ಈ ವ್ಯತ್ಯಾಸವನ್ನು ಮೊದಲ ಪುಟದಲ್ಲೇ ಹಾಕಬೇಕು. ಆದರೆ ದೂರು ವಿಚಾರಣೆಗೆ ಅಂಗೀಕಾರವಾಗುವ ಮೊದಲೇ ವಜಾ ಆಗಿದ್ದರೆ ಈ ವಾದಕ್ಕೆ ಅಷ್ಟು ಬಲವಿಲ್ಲ. ಆಗ ಗೈರಿನ ಕಾರಣವನ್ನೇ ನೆಚ್ಚಿಕೊಳ್ಳಬೇಕು.

ಮೇಲ್ಮನವಿ ಕಲಂ 41ರಡಿ ರಾಜ್ಯ ಆಯೋಗಕ್ಕೆ. ನಮ್ಮ ಕರ್ನಾಟಕದಲ್ಲಾದರೆ ಅದು ಇರುವ ಬೆಂಗಳೂರಿನ ಬಸವ ಭವನಕ್ಕೆ. ಗಡುವು 45 ದಿನ. ಕಾಯ್ದೆ ಎಣಿಸುವುದು ಆದೇಶದ ತಾರೀಖಿನಿಂದ, ಹಾಗಾಗಿ ನಕಲು ತಡವಾಗಿ ಬಂತು ಎಂದು ನಿಶ್ಚಿಂತರಾಗಿರಬಾರದು. ಮೀರಿದ್ದರೆ ವಿಳಂಬ ಮನ್ನಾಕ್ಕೆ ಐಎ (ಮಧ್ಯಂತರ ಅರ್ಜಿ), ಜೊತೆಗೆ ಅಫಿಡವಿಟ್. ತಪ್ಪುವುದು ಹೆಚ್ಚಾಗಿ ಇಲ್ಲೇ: ಜ್ವರದ ಸರ್ಟಿಫಿಕೇಟಿನ ತಾರೀಖು ಒಂದು, ವಾಯಿದೆಯ ತಾರೀಖು ಇನ್ನೊಂದು. ತಪ್ಪು ವಕೀಲರದಾದರೆ ಅಫಿಡವಿಟ್ ವಕೀಲರೇ ಕೊಡಲಿ. ಅದಕ್ಕೆ ಹಿಂಜರಿಯುವವರೇ ಜಾಸ್ತಿ.

ಇನ್ನೊಂದು ದಾರಿಯೂ ಉಂಟು. ಗುಣಾವಗುಣ ನೋಡದೆ ವಜಾ ಆದ ದೂರನ್ನು, ಗೈರಿಗೆ ಸರಿಯಾದ ಕಾರಣವಿದ್ದರೆ, ಹೊಸದಾಗಿ ಹಾಕಬಹುದೆಂದು ಆರ್. ಶ್ರೀನಿವಾಸನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2000ದಲ್ಲಿ ಹೇಳಿದೆ. ದೂರು ಹಾಕಲು ಕಲಂ 69 ಕೊಡುವ ಎರಡು ವರ್ಷ ಇನ್ನೂ ಮುಗಿಯದಿದ್ದರೆ ಮಾತ್ರ ಇದು ಲಾಭ. ಅಷ್ಟು ಸಮಯ ಉಳಿದಿರುವ ಪ್ರಕರಣ ಅಪರೂಪ.

ರಾಜ್ಯ ಆಯೋಗ ಮೇಲ್ಮನವಿ ಒಪ್ಪಿ ದೂರನ್ನು ಜಿಲ್ಲಾ ಆಯೋಗಕ್ಕೆ ವಾಪಸು ಕಳಿಸಿದರೆ ಆದೇಶದ ಕೊನೆಯ ಸಾಲು ಓದಿ. ಹಾಜರಾಗಬೇಕಾದ ತಾರೀಖು ಸಾಮಾನ್ಯವಾಗಿ ಅಲ್ಲೇ ಇರುತ್ತದೆ. ಹೊಸ ನೋಟಿಸಿಗೆ ಕಾಯದೆ ಅಂದೇ ಹೋಗಿ, ಅಫಿಡವಿಟ್ ಸಾಕ್ಷ್ಯವನ್ನು ಅಂದೇ ಸಲ್ಲಿಸಿ.